ಖಾರದ ಗಿರಣಿಯ ಮೇಲಿನ ಕೋಣೆ

“ಆಕ್ಷೀ!”

ಮೂರನೆಯ ಸಲ ಸೀನಿದ ಮೇಲೆ ನನ್ನ ಕೈಲಾಗಲಿಲ್ಲ, ಮೆಟ್ಟಿಲ ಮೇಲೆಯೇ ಕುಳಿತುಬಿಟ್ಟೆ. ಕಣ್ಣು ಮೂಗು ಒಂದಾಗಿ ಸುರಿಯುತ್ತಿದ್ದವು. ಐವತ್ನಾಲ್ಕು ವರ್ಷದ ಹೆಂಗಸು ಪೊಲೀಸರ ಎದುರು ಸೆರಗಿನಿಂದ ಮೂಗು ಒರೆಸಿಕೊಳ್ಳುತ್ತ ಕೂತರೆ ಪತ್ತೇದಾರಿಕೆಗೆ ಏನು ಮರ್ಯಾದೆ ಉಳಿಯುತ್ತದೆ ಹೇಳಿ.

ಕೆಳಗೆ ಸಬೀರಾಳ ಗಿರಣಿ ಧಡ್ ಧಡ್ ಎನ್ನುತ್ತಿತ್ತು. ಮಾರ್ಚ್ ತಿಂಗಳು. ವರ್ಷದ ಖಾರ ಕುಟ್ಟಿಸಿಕೊಳ್ಳಲು ತಿಕೋಟಾದ ಅರ್ಧ ಊರು ಡಬ್ಬಿ ಹಿಡಿದು ಸಾಲು ನಿಂತಿತ್ತು.

“ಅಕ್ಕಾರ, ಮೂಗಿಗೆ ಅರಿಬಿ ಕಟ್ಟಿಕೊಳ್ರಿ,” ಎಂದು ಸಬೀರಾ ಕೆಳಗಿನಿಂದ ಕೂಗಿದಳು. “ಹೊಸಬರು ಯಾರೇ ಬರ್ಲಿ, ಹತ್ತು ಸಲ ಸೀನದ ಮ್ಯಾಲೆ ಹತ್ತಂಗಿಲ್ಲ!”

ನನ್ನ ಹಿಂದೆ ಪಿಎಸ್‌ಐ ಧರ್ಮರಾಜ ಸೀನಿದ ರಭಸಕ್ಕೆ ಅವನ ಟೋಪಿ ಎರಡು ಮೆಟ್ಟಿಲು ಕೆಳಗೆ ಬಿತ್ತು. ಸಾಲಿನಲ್ಲಿದ್ದ ಹೆಂಗಸರು ಕಿಸಕ್ಕೆಂದು ನಕ್ಕರು.

ಹೊಸದಾಗಿ ಓದುವವರಿಗೆ ಒಂದೇ ಮಾತು: ಹೆಸರಾಂತ ಸಿನಿಮಾ ಸಂಕಲನಕಾರ ಗೌತಮ ಕಳೆದ ಗುರುವಾರ ಈ ಮೆಟ್ಟಿಲಿನಿಂದ ಉರುಳಿ ವಿಜಯಪುರದ ಆಸ್ಪತ್ರೆಯಲ್ಲಿ ಎಚ್ಚರವಿಲ್ಲದೆ ಮಲಗಿದ್ದಾನೆ, ತಳ್ಳಿದವಳು ಅವನ ಸಹಾಯಕಿ ಪೂನಮ ಎಂದು ಅವಳನ್ನು ಇವತ್ತು ಬೆಳಿಗ್ಗೆ ಹಿಡಿದಿದ್ದಾರೆ, ನಾಳೆ ಹನ್ನೊಂದಕ್ಕೆ ಕೋರ್ಟಿಗೆ ಒಯ್ಯುತ್ತಾರೆ. ನನಗಿದ್ದದ್ದು ಒಂದು ಸಂಜೆ ಮಾತ್ರ.

“ಸಾಹೇಬರ,” ಎಂದೆ. “ಶುಕ್ರವಾರ ನೀವು ಪಂಚನಾಮೆಗೆ ಬಂದಾಗ ಹಿಂಗ ಸೀನಿದ್ರೇನು?”

“ಇಲ್ರಿ ಅಕ್ಕಾರ. ಅವತ್ತು ಗಿರಣಿ ಬಂದ್ ಇತ್ತು. ಸಬೀರಾಬಾಯಿ ಅಂಜಿ ಬಾಗಲಾ ಹಾಕಿದ್ಲು. ಇವತ್ತ ತಗದಾಳ ನೋಡ್ರಿ.”

“ಮತ್ತ ಗುರುವಾರ?”

“ಗುರುವಾರ ಮುಂಜಾನಿಂದ ಖಾರನ ಕುಟ್ಟೇವ್ರಿ,” ಎಂದಳು ಸಬೀರಾ. “ಆ ಸರ್ ಬಿದ್ದು ಒದರಿದಾಗ್ಲೂ ಮಷೀನ್ ನಡದಿತ್ತು. ಆ ಗದ್ದಲದಾಗ ಯಾರು ಹತ್ತಿದ್ರು, ಯಾರು ಇಳದ್ರು, ಒಂದೂ ಗೊತ್ತಾಗ್ಲಿಲ್ಲ ನೋಡ್ರಿ.”

ನಾನು ದಡಬಡ ಎದ್ದು ಮೇಲೆ ಹತ್ತಿದೆ.

ಗೌತಮನ ಕೋಣೆ ಚಿಕ್ಕದು. ಎರಡು ಪರದೆ, ಒಂದು ಕುರ್ಚಿ, ಒಂದು ಸ್ಟೂಲು, ಗೋಡೆಗೆ ಒರಗಿಸಿದ ಚಾಪೆ. ಮೂಲೆಯಲ್ಲಿ ಒಂದು ಪುಟ್ಟ ಕ್ಯಾಮೆರಾ. ತಾನು ಸಂಕಲನ ಮಾಡುವುದನ್ನು ತಾನೇ ಚಿತ್ರಿಸಿ ಯೂಟ್ಯೂಬಿಗೆ ಹಾಕುವ ಹುಚ್ಚು ಅವನಿಗೆ. ಲಕ್ಷ ಜನ ನೋಡುತ್ತಾರಂತೆ. ನಾನೂ ನೋಡುತ್ತೇನೆ. ಒಂದನ್ನೂ ಬಿಟ್ಟಿಲ್ಲ, ಒಂದಕ್ಕೂ ಮೆಚ್ಚುಗೆ ಒತ್ತಿಲ್ಲ.

ಮುಚ್ಚುಮರೆ ಯಾಕೆ, ಹೇಳಿಬಿಡುತ್ತೇನೆ. ಆ ಹುಡುಗನ ಮೇಲೆ ನನಗೆ ಹೊಟ್ಟೆಕಿಚ್ಚು. ಹದಿಮೂರು ವರ್ಷದ ಹೊಟ್ಟೆಕಿಚ್ಚು.

ವಿಜಯಪುರದಲ್ಲಿ ಎರಡು ವಿಸಿಆರ್ ಜೋಡಿಸಿ ಮದುವೆ ಕ್ಯಾಸೆಟ್ಟು ಕತ್ತರಿಸಲು ಶುರು ಮಾಡಿದಾಗ ನನಗೆ ಇಪ್ಪತ್ತೆರಡು. ಆಮೇಲೆ ಬೆಂಗಳೂರಿನಲ್ಲಿ ಒಂಬತ್ತು ವರ್ಷ ದಿನಕ್ಕೊಂದು ಕಂತಿನಂತೆ ಧಾರಾವಾಹಿ ಸಂಕಲನ ಮಾಡಿದೆ. ನನ್ನ ಹೆಸರು ಪರದೆಯ ಮೇಲೆ ಎಷ್ಟು ಬೇಗ ಓಡುತ್ತಿತ್ತೆಂದರೆ ನನ್ನ ತಾಯಿಗೂ ಓದಲು ಸಿಗಲಿಲ್ಲ. ಗಂಡ ತೀರಿಕೊಂಡ ಮೇಲೆ ಮಗಳು ಅನುರಾಧಾಳನ್ನು ಕರೆದುಕೊಂಡು ವಾಪಸ್ ಬಂದೆ, ಅದೇ ಮದುವೆ, ಅದೇ ಸೀಮಂತ.

ಆಗ ಕಳ್ಳಕವಟಗಿಯಿಂದ ಹದಿನೆಂಟರ ಗೌತಮ ಬಂದ. ಮೂರು ವರ್ಷ ನನ್ನ ಪಕ್ಕದಲ್ಲಿ ಕೂರಿಸಿಕೊಂಡು ಕಲಿಸಿದೆ. ಎಲ್ಲಿ ಕತ್ತರಿಸಬೇಕು ಅನ್ನುವುದಕ್ಕಿಂತ ಎಲ್ಲಿ ಕತ್ತರಿಸಬಾರದು ಎಂದು ಕಲಿಸಿದೆ. ಹೋದ. ಬೆಳೆದ. ಹೋದ ವರ್ಷ ಅವನಿಗೆ ವಿಜಯಪುರದಲ್ಲಿ ಸನ್ಮಾನ. ವಿಡಿಯೊ ತೆಗೆಯುವ ಗುತ್ತಿಗೆ ನನ್ನದೇ! ವೇದಿಕೆ ಮೇಲೆ ಯಾರೋ ಕೇಳಿದರು, “ನಿಮ್ಮ ಗುರು ಯಾರು?” ಅವನು ನಕ್ಕು, “ಗುರು ಯಾರೂ ಇಲ್ಲ, ಮಷೀನೇ ಗುರು” ಎಂದ.

ಆ ಮಾತನ್ನು ನನ್ನ ಕೈಯಿಂದಲೇ ಜೋಡಿಸಿ ಕೊಟ್ಟೆ. ಅಂದು ಸಭೆ ಮುಗಿದ ಮೇಲೆ ಊಟದ ಪಂಕ್ತಿಯಲ್ಲಿ, ನಾಲ್ಕು ಜನ ಕೇಳುವ ಹಾಗೆ, “ಅವನ ಕೈ ಮುರದು ಬೀಳಲಿ” ಎಂದದ್ದೂ ನಾನೇ. ಧರ್ಮರಾಜ ಅಲ್ಲೇ ಬಂದೋಬಸ್ತಿಗೆ ನಿಂತಿದ್ದ.

ಹೀಗಿದ್ದೂ ಪೊಲೀಸರು ನನ್ನನ್ನೇ ಕರೆದಿದ್ದಾರೆ. ಈ ಜಿಲ್ಲೆಯಲ್ಲಿ ವಿಡಿಯೊ ನೋಡಿ ಸುಳ್ಳು ಹಿಡಿಯುವ ಕಣ್ಣು ಇನ್ನೊಬ್ಬರಿಗಿಲ್ಲ. ಜಂಬ ಅಂತೀರಾ? ಅನ್ನಿ.

“ಆ ವಿಡಿಯೊ ಮತ್ತೊಮ್ಮೆ ಹಾಕ್ರಿ,” ಎಂದೆ.

ಧರ್ಮರಾಜ ಲ್ಯಾಪ್‌ಟಾಪು ತೆರೆದ. ಗುರುವಾರದ ನಲವತ್ತು ನಿಮಿಷ. ಗೌತಮ ಕುರ್ಚಿಯ ಮೇಲೆ ಅಡ್ಡಡ್ಡ ಕೂತಿದ್ದಾನೆ. ಪೂನಮ ನಮಗೆ ಬೆನ್ನು ಮಾಡಿ ನಿಂತಿದ್ದಾಳೆ. ಜೈನಾಪುರದ ಹುಡುಗಿ, ಇಪ್ಪತ್ನಾಲ್ಕು, ಕಡ್ಡಿಯ ಹಾಗಿದ್ದಾಳೆ.

“ಅರ್ಧಾ ಸಿನಿಮಾ ನಾ ಕತ್ತರಿಸೇನಿ ಸರ್. ಪರದೆ ಮ್ಯಾಲೆ ನನ್ನ ಹೆಸರು ಯಾಕ ಬ್ಯಾಡ?”

“ಇನ್ನೂ ಎರಡು ವರ್ಷ ತಡಿ.”

“ನೀವು ತಡದಿದ್ರೇನು?”

ಮಾತು ಏರುತ್ತದೆ. ಗೌತಮ ಫೋನು ಹಿಡಿದು ಹೊರಗೆ ಹೋಗುತ್ತಾನೆ. ಪೂನಮ ಚೀಲ ಹೆಗಲಿಗೆ ಹಾಕಿಕೊಂಡು ಅವನ ಹಿಂದೆಯೇ ಹೋಗುತ್ತಾಳೆ. ಕೋಣೆ ಖಾಲಿ. ಗಿರಣಿಯ ಧಡ್ ಧಡ್. ಸ್ವಲ್ಪ ಹೊತ್ತಿಗೆ ಹೊರಗಿನಿಂದ ಚೀರಾಟ. ಅಷ್ಟೇ.

“ಇದಕ್ಕಿಂತ ಇನ್ನೇನು ಬೇಕ್ರಿ,” ಎಂದ ಧರ್ಮರಾಜ. “ಬಸ್ಸಿಗೆ ಹೋದೆ ಅಂತಾಳ. ಹೆಂಗಸರಿಗೆ ಕೊಡೋ ಪುಕ್ಕಟೆ ಶೂನ್ಯ ಟಿಕೆಟ್ ಇಳದ ಕೂಡ್ಲೇ ಒಗದಾಳಂತ. ತೋರಿಸು ಅಂದ್ರ ಅಳ್ತಾಳ.”

“ಆಕಿ ಭುಜ ನೋಡ್ರಿ.”

“ನೋಡೇನ್ರಿ. ಎಂಟು ಸಲ ಅದುರ್ಯಾವ. ಆಕಿ ಸಿಟ್ಟಿಲೆ ನಡುಗ್ಯಾಳ, ಇಂವ ಅಂಜಿ ಮೊಳಕೈಲೆ ಮುಖ ಮುಚ್ಚಿಕೊಂಡಾನ ಅಂತ ವರದಿಯೊಳಗ ಬರದೇನಿ.”

“ಸಿಟ್ಟಲ್ಲ ನಿಮ್ಮ ತಲಿ! ಎತ್ತು ಈದೈತಿ ಅಂದ್ರ ಕೊಟ್ಟಿಗ್ಯಾಗ ಕಟ್ಟು ಅಂದಂಗಾತು. ಸಾಹೇಬರ, ನೀವೀಗ ಮೆಟ್ಲಾ ಹತ್ತುವಾಗ ನಿಮ್ಮ ಭುಜ ಹೆಂಗ ಅದುರಿದ್ವು?”

ಅವನು ಬಾಯಿ ತೆರೆದ. ತೆರೆದ ಬಾಯಿಗೆ ಸೀನು ಬಂತು. ಸೀನಿ ಮುಗಿಸಿ ಪರದೆಯನ್ನು ನೋಡಿದ. ಪೂನಮಳ ಭುಜ ಥೇಟ್ ಹಾಗೆಯೇ ಅದುರುತ್ತಿತ್ತು. ಗೌತಮ ಮೊಳಕೈಯನ್ನು ಮೂಗಿಗೆ ಒತ್ತಿ ಹಿಡಿದಿದ್ದ.

“ಸೀನಾಕತ್ತಾರ!” ಎಂದ. “ಮತ್ತ ಸಪ್ಪಳ ಎಲ್ಲೈತ್ರಿ?”

“ಅದನ್ನ ಕೇಳ್ರಿ ಮತ್ತ. ಗಿರಣಿ ಸಪ್ಪಳ ಐತಿ, ಮಾತು ಐತಿ, ಕುರ್ಚಿ ಕಿರಗುಡೋದು ಸೈತ ಐತಿ. ಸೀನು ಒಂದೂ ಇಲ್ಲ. ಖಾರದ ಗಿರಣಿ ಮ್ಯಾಲೆ ಇಬ್ರು ನಲವತ್ತು ನಿಮಿಷ ಜಗಳಾಡ್ಯಾರ, ಒಂದ್ಸಲನೂ ಸೀನಿಲ್ಲ. ಯಾರೋ ಕೂತು ಒಂದೊಂದಾಗಿ ಕಿತ್ತಾರ.”

“ಸೀನು ಯಾಕ ಕೀಳ್ತಾರ್ರಿ? ಅದರಾಗೇನು ಗುಟ್ಟೈತಿ?”

ಗುಟ್ಟೇನೂ ಇಲ್ಲ. ಗುಟ್ಟಿಲ್ಲದಿದ್ದರೂ ಸೀನು ಕೀಳುವವರು ಯಾರೆಂದು ನನಗೆ ಗೊತ್ತಿತ್ತು.

ನಮ್ಮ ಕಡೆ ಮದುವೆಯ ವಿಡಿಯೊದಲ್ಲಿ ಸೀನು ಉಳಿಯಕೂಡದು. ಅಕ್ಕಿಕಾಳು ಬೀಳುವ ಹೊತ್ತಿಗೆ ಯಾರಾದರೂ ಸೀನಿದ್ದು ಕ್ಯಾಸೆಟ್ಟಿನಲ್ಲಿ ಕೇಳಿಸಿತೋ, ಕೆಟ್ಟಿತು. ನಾನು ಕಸುಬಿಗೆ ಹೊಸಬಳಿದ್ದಾಗ ಸಾರವಾಡದ ಒಂದು ಮದುವೆಯಲ್ಲಿ ಒಂದೇ ಒಂದು ಸೀನು ಬಿಟ್ಟಿದ್ದೆ. ತಿಂಗಳೊಳಗೆ ಅಳಿಯ ಟ್ರ್ಯಾಕ್ಟರಿನಿಂದ ಬಿದ್ದು ಕಾಲು ಮುರಿದುಕೊಂಡ. ಬೀಗರು ಎರಡೂ ಕಡೆಯವರು ಒಟ್ಟಾಗಿ ಬಂದು ಕ್ಯಾಸೆಟ್ಟನ್ನು ನನ್ನ ಅಂಗಡಿಯ ಹೊಸ್ತಿಲ ಮೇಲೆ ಕಲ್ಲಿನಿಂದ ಜಜ್ಜಿದರು. ಅಂದಿನಿಂದ ನನ್ನ ಕೈಯಲ್ಲಿ ಕಲಿಯುವವರಿಗೆ ಮೊದಲ ಪಾಠವೇ ಅದು: ವಿಡಿಯೊ ಬಂದೊಡನೆ ಮೊದಲು ಸೀನು ಹುಡುಕು, ಸದ್ದನ್ನು ಕಿತ್ತು ಹಾಕು, ಆ ಜಾಗಕ್ಕೆ ಹಿಂದುಮುಂದಿನ ಸದ್ದಿನದೇ ತೇಪೆ ಹಾಕು. ನಾಲ್ಕು ವರ್ಷ ಮಾಡಿದರೆ ಬೆರಳು ತಾವೇ ಮಾಡುತ್ತವೆ. ಮನಸ್ಸಿಗೆ ತಿಳಿಯುವುದೂ ಇಲ್ಲ.

“ಬೆಂಗಳೂರಿನವರಿಗೆ ಇದು ಗೊತ್ತೂ ಇಲ್ಲ, ಬೇಕಾಗೂ ಇಲ್ಲ,” ಎಂದೆ. “ಪೂನಮಂತೂ ಮದುವಿ ವಿಡಿಯೊ ಮುಟ್ಟಿದಾಕಿ ಅಲ್ಲ. ಇದು ನನ್ನ ಕೈಯಾಗ ಕಲತವರ ಕೆಲಸ. ಸೀನು ಕಿತ್ತವರು ಇನ್ನೂ ಏನೇನು ಕಿತ್ತಾರೋ. ಖಾಲಿ ಕೋಣಿ ಐತಲ್ಲ, ಅಲ್ಲಿ ಹಾಕಿದ ಕತ್ತರಿ ದೇವರಿಗೂ ಕಾಣಂಗಿಲ್ಲ.”

“ನಿಮ್ಮ ಕೈಯಾಗ ಕಲತವರು ಯಾರ್‍ಯಾರ್ರಿ?”

“ಒಬ್ಬ ಆಸ್ಪತ್ರ್ಯಾಗ ಮಲಗ್ಯಾನ. ಇನ್ನೊಬ್ಬ ಈ ಪೆನ್‌ಡ್ರೈವ್ ನಿಮಗ ತಂದು ಕೊಟ್ಟಾವ.”

ಸಿದ್ದಲಿಂಗೇಶ! ಬಬಲೇಶ್ವರದಲ್ಲಿ ಸ್ಟುಡಿಯೊ ಇಟ್ಟವನು. ಗೌತಮನ ಕ್ಯಾಮೆರಾ, ಮೆಮೊರಿ ಕಾರ್ಡು ನೋಡಿಕೊಳ್ಳುವ ಕೆಲಸ ಅವನದು. ಗುರುವಾರ ಸಂಜೆ ಅವನೇ ಬಂದು ಕಾರ್ಡು ತೆಗೆದುಕೊಂಡು ಹೋಗಿ, ಶುಕ್ರವಾರ ಪ್ರತಿಯನ್ನು ಠಾಣೆಗೆ ಕೊಟ್ಟು, “ಮೂಲ ಕಾರ್ಡ್ ಕೆಟ್ಟೈತ್ರಿ, ಒಂದು ಚೂರೂ ಮುಟ್ಟಿಲ್ಲ” ಎಂದು ಬರೆದುಕೊಟ್ಟಿದ್ದ.

“ಈಗಿಂದೀಗ ಹಿಡಕೊಂಡು ಬರ್ತೀನ್ರಿ,” ಎಂದು ಧರ್ಮರಾಜ ಟೋಪಿ ಹಾಕಿಕೊಂಡ.

“ನೀವು ಹೋದ್ರ ಅಂವ ವಕೀಲನ ಕರೀತಾನ. ನಾ ಹೋದ್ರ ಚಾ ತರಸ್ತಾನ. ಸಂಜಿಕ ನನ್ನ ಅಂಗಡಿಗೆ ಬರ್ರಿ. ಹೆಸರು ಕೊಡ್ತೀನಿ.”

ಹೊರಡುವಾಗ ಬೆಳಿಗ್ಗೆ ಠಾಣೆಯಲ್ಲಿ ಪೂನಮ ನನ್ನ ಕೈ ಹಿಡಿದು ಹೇಳಿದ್ದು ನೆನಪಾಯಿತು. “ಅಕ್ಕಾರ, ಒಂದು ಸಲ ಒಳಗ ಹೋಗಿ ಬಂದ್ರ ನನ್ನ ಯಾರು ಕೆಲಸಕ್ಕ ಇಟ್ಟುಕೋತಾರ್ರಿ? ಹೆಸರು ಬರೂ ಮುಂಚೇನ ಹೆಸರು ಕೆಟ್ಟಂಗಾತಲ್ರಿ.” ಆಗ ನನಗೆ ಅನಿಸಿದ್ದು ಕನಿಕರ ಅಲ್ಲ. ಈ ಚೋಟುದ್ದ ಹುಡುಗಿಯೂ ಅರ್ಧ ಸಿನಿಮಾ ಕತ್ತರಿಸಿದ್ದಾಳಲ್ಲ ಎಂದು ಮೊದಲು ಉರಿಯಿತು. ಕನಿಕರ ಆಮೇಲೆ ಬಂತು. ಇದ್ದದ್ದು ಇದ್ದ ಹಾಗೆ ಹೇಳುತ್ತಿದ್ದೇನೆ.

* * *

ಬಬಲೇಶ್ವರಕ್ಕೆ ಸ್ಕೂಟರಿನ ಮೇಲೆ ಹೋಗಿ ಮುಟ್ಟುವಷ್ಟರಲ್ಲಿ ನಾಲ್ಕೂವರೆ. ಸಿದ್ದಲಿಂಗೇಶನ ಸ್ಟುಡಿಯೊಗೆ ಗಾಜಿನ ಬಾಗಿಲು, ಎಸಿ, ಗೋಡೆ ತುಂಬ ಮದುಮಕ್ಕಳ ದೊಡ್ಡ ದೊಡ್ಡ ಫೋಟೊ. ಹೊಟ್ಟೆಯೂ ದೊಡ್ಡದಾಗಿತ್ತು. ನನ್ನನ್ನು ಕಂಡವನೇ ಎದ್ದು ಕಾಲು ಮುಟ್ಟಿದ.

“ಯಪ್ಪಾ, ಅಕ್ಕಾರು! ಬರ್ರಿ ಬರ್ರಿ. ಚಾ ಹೇಳ್ತೀನಿ.”

“ಚಾ ಆಮ್ಯಾಲೆ. ಒಂದು ಸಣ್ಣ ಕೆಲಸ ಐತಿ. ಕುಂಡ್ರು ಮಷೀನ್ ಮುಂದ.”

ತಿಕೋಟಾದಿಂದ ಹೊರಡುವ ಮುಂಚೆ ನನ್ನ ಫೋನಿನಲ್ಲಿ ಆ ಕೋಣೆಯನ್ನು ಐದು ನಿಮಿಷ ಚಿತ್ರಿಸಿಕೊಂಡಿದ್ದೆ. ಧರ್ಮರಾಜ ಮಾತಾಡುತ್ತಾನೆ, ನಾನು ಸೀನುತ್ತೇನೆ, ಅವನೂ ಸೀನುತ್ತಾನೆ. ಅದನ್ನು ಅವನ ಮಷೀನಿಗೆ ಹಾಕಿದೆ.

“ಇದರ ಸಪ್ಪಳ ಸ್ವಚ್ಛ ಮಾಡಿ ಕೊಡು. ನನ್ನ ಕಣ್ಣು ಇತ್ತೀಚಿಗೆ ಮಂದ ಆಗ್ಯಾವ.”

ಅವನ ಬೆರಳುಗಳನ್ನೇ ನೋಡುತ್ತ ಕುಳಿತೆ. ಬಾಯಿ ಸುಳ್ಳು ಹೇಳಬಹುದು, ನಾನು ತಿದ್ದಿದ ಬೆರಳು ಹೇಳುವುದಿಲ್ಲ. ಮೊದಲ ಸೀನು ಬಂದಾಗ ಅವು ತಾವೇ ಓಡಬೇಕು.

ಮೊದಲ ಸೀನು ಬಂತು. ಹೋಯಿತು. ಸಿದ್ದಲಿಂಗೇಶ ಪರದೆಯ ಮೇಲೆ ಬಾಣವನ್ನು ಅತ್ತಿತ್ತ ತಿರುಗಿಸುತ್ತಲೇ ಇದ್ದ. ಎರಡನೆಯದೂ ಹೋಯಿತು. ಅವನಿಗೆ ಸದ್ದಿನ ಪಟ್ಟಿ ಎಲ್ಲಿದೆ ಎಂದೇ ಸಿಗಲಿಲ್ಲ. ಎಸಿಯಲ್ಲೂ ಕತ್ತಿನ ಹಿಂದೆ ಬೆವರು.

“ಅಕ್ಕಾರ, ಈ ಸಾಫ್ಟ್‌ವೇರು ಹೊಸಾದೈತ್ರಿ…”

“ಲೇ ಸಿದ್ದ್ಯಾ, ಹೊಸಾದಲ್ಲ ಅದು. ಆರು ವರ್ಷ ಆತು ಬಂದು.”

“ಹಂಗಲ್ರಿ ಅಕ್ಕಾರ, ನಾನೇನು ಕದ್ದಿಲ್ರಿ!”

ಕದ್ದ ಮಾತು ನಾನು ಎತ್ತಿಯೇ ಇರಲಿಲ್ಲ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ.

“ಕಾರ್ಡಿಂದ ಪೆನ್‌ಡ್ರೈವಿಗೆ ಯಾರು ಹಾಕಿದ್ರು?”

“ನಾನ ಹಾಕೇನ್ರಿ.”

“ಸೀನು ಯಾರು ಕಿತ್ತಾರು?”

“ಯಾ ಸೀನ್ರಿ?” ಅವನ ಮುಖದಲ್ಲಿ ಸುಳ್ಳಿರಲಿಲ್ಲ. ಅವನಿಗೆ ನಿಜವಾಗಿಯೂ ತಿಳಿದಿರಲಿಲ್ಲ.

ನನ್ನ ಸಿಟ್ಟು ನೆತ್ತಿಗೇರಿತು. “ನಾಳೆ ಹನ್ನೊಂದಕ್ಕ ಒಂದು ಹುಡುಗಿ ನಿನ್ನ ಸಹಿ ಮ್ಯಾಲೆ ಜೇಲಿಗೆ ಹೊಕ್ಕಾಳ ಲೇ! ಒಂದು ಚೂರೂ ಮುಟ್ಟಿಲ್ಲ ಅಂತ ಬರದುಕೊಟ್ಟೀಯಲ್ಲ, ನೋಡಿ ಬರದೆಯೋ ನೋಡಲಾರದ ಬರದೆಯೋ? ನಿನಗೂ ಗೌತಮ ಅಂದ್ರ ಹೊಟ್ಟಿ ಉರೀತಿತ್ತು. ನಂಗ ಗೊತ್ತಿಲ್ಲೇನು?”

“ಉರೀತಿತ್ರಿ,” ಎಂದ. ತಟ್ಟನೆ ಒಪ್ಪಿಕೊಂಡುಬಿಟ್ಟ. “ಯಾರಿಗೆ ಉರದಿಲ್ಲ ಹೇಳ್ರಿ? ಒಂದ ಬೆಂಚಿನ ಮ್ಯಾಲೆ ಕೂತು ಕಲ್ತೇವಿ. ಅವನ ಫೋಟೊ ಪೇಪರಿನ್ಯಾಗ, ನಾ ಅರಿಷಿಣದ ಫೋಟೊ ತಕ್ಕೋತ ಅಡ್ಡಾಡ್ತೀನಿ. ಆದ್ರ ನಾ ಹುಸಿ ಸಾಕ್ಷಿ ಮಾಡಾವ ಅಲ್ರಿ. ಮಾಡ್ತೀನಿ ಅಂದ್ರೂ ಬರಂಗಿಲ್ರಿ. ನಾ ಕತ್ತರಿ ಕೆಲಸ ಬಿಟ್ಟು ಆರು ವರ್ಷ ಆತು.”

“ಮತ್ತ ಇಷ್ಟು ಮದುವಿ ವಿಡಿಯೊ ಯಾರು ಮಾಡ್ತಾರು?”

ಅವನು ನನ್ನನ್ನು ವಿಚಿತ್ರವಾಗಿ ನೋಡಿದ. ತಮಾಷೆ ಮಾಡುತ್ತಿದ್ದಾಳೋ ಎಂಬಂತೆ.

“ನಿಮ್ಮ ಅಂಗಡ್ಯಾಗ ಆಗತಾವಲ್ರಿ ಅಕ್ಕಾರ. ಅನುರಾಧಾ ಮಾಡಿ ಕೊಡ್ತಾ ಬಂದಾಳ. ನಿಮಗ… ನಿಮಗ ಗೊತ್ತೈತಿ ಅಂತ ತಿಳಕೊಂಡಿದ್ದೆ.”

ಗೋಡೆಯ ಮೇಲಿನ ಮದುಮಕ್ಕಳೆಲ್ಲ ನನ್ನನ್ನೇ ನೋಡಿ ನಗುತ್ತಿದ್ದರು.

“ಗೌತಮನ ಕಾರ್ಡು?”

“ಪೊಲೀಸರು ಅವತ್ತ ಫೋನ್ ಮಾಡಿ ಪ್ರತಿ ಕೇಳಿದ್ರಲ್ರಿ. ನಂಗ ಧೈರ್ಯ ಸಾಲಲಿಲ್ಲ, ಎಲ್ಲರ ಅಳಿಸಿಗಿಳಿಸಿ ಹೋದೀತು ಅಂತ. ಗುರುವಾರ ಸಂಜಿಕ ಅನುರಾಧಾನ ಕೈಯಾಗ ಕೊಟ್ಟೆ. ಶುಕ್ರವಾರ ಮುಂಜಾನೆ ಪೆನ್‌ಡ್ರೈವ್ ಕೊಟ್ಲು. ಕಾರ್ಡು ಕೆಟ್ಟೈತಿ ಅಂತ ಆಕೀನ ಹೇಳಿದ್ದು.”

ಇಬ್ಬರು ಎಂದಿದ್ದೆ ಧರ್ಮರಾಜನಿಗೆ. ನನ್ನ ಕೈಯಲ್ಲಿ ಕಲಿತವರು ಇಬ್ಬರು. ಹತ್ತು ವರ್ಷದ ಮಗುವಿದ್ದಾಗಿನಿಂದ ನನ್ನ ಮಗ್ಗುಲಲ್ಲಿ ಕೂತು ಕಲಿತ ಮಗಳನ್ನು ನಾನು ಎಣಿಸಿರಲಿಲ್ಲ. ಅವಳನ್ನು ಯಾವತ್ತೂ ಎಣಿಸಿರಲೇ ಇಲ್ಲ ಎಂದು ಸ್ಕೂಟರಿನ ಮೇಲೆ ವಿಜಯಪುರಕ್ಕೆ ಹಿಂದಿರುಗುತ್ತ ಸಾರವಾಡದ ಹತ್ತಿರ ಬರುವಾಗ ಹೊಳೆಯಿತು. ಎದುರಿಗೆ ಬಂದ ಬಸ್ಸಿನವನು ಹಾರ್ನು ಹೊಡೆದು, “ಸಾಯಾಕ ಬಂದೀಯೇನ ಬೇ?” ಎಂದು ಬೈದು ಹೋದ.

* * *

ಅಂಗಡಿ ಮುಟ್ಟಿದಾಗ ಸಂಜೆ ಆರು. ಅನುರಾಧಾ ಒಬ್ಬಳೇ ಮಷೀನಿನ ಮುಂದೆ ಕೂತಿದ್ದಳು. ಇಪ್ಪತ್ತೇಳು ವರ್ಷ. ನನ್ನದೇ ಮೂಗು, ನನ್ನದೇ ಬೆರಳು.

“ಚಾ ಕುಡಿತಿಯೇನವ್ವಾ?”

“ಸಿದ್ದಲಿಂಗೇಶ ಎಲ್ಲಾ ಹೇಳಿದ.”

ಅವಳು ತಿರುಗಲಿಲ್ಲ. ಕೀಬೋರ್ಡಿನ ಮೇಲೆ ಬೆರಳು ನಿಂತವು.

“ಸೀನು ಕಿತ್ತಿಯಲ್ಲ, ಅದಕ್ಕ ಸಿಕ್ಕಿ,” ಎಂದೆ.

“ಕಿತ್ತೇನೇನು?” ಅವಳಿಗೆ ಸಹ ಗೊತ್ತಿರಲಿಲ್ಲ! ಆಮೇಲೆ ಕಹಿಯಾಗಿ ನಕ್ಕಳು. “ಕಿತ್ತಿರಬೇಕು. ನೀ ಕಲಿಸಿದ ಪಾಠ. ಕೈ ನನ್ನ ಮಾತು ಕೇಳಲಿಲ್ಲ, ನಿನ್ನ ಮಾತು ಕೇಳ್ತು.”

“ಇನ್ನೇನು ಕಿತ್ತಿ?”

“ಒಂಬತ್ತು ನಿಮಿಷ.”

“ಎಲ್ಲೈತಿ?”

“ಒಗದಿಲ್ಲ. ಎಷ್ಟ ಆದ್ರೂ ಕಸಬು ನಿಂದ ಕಲ್ತಾಕಿ.” ಅವಳು ಒಂದು ಫೈಲು ತೆರೆದಳು. “ನೋಡ್ತಿಯೇನು? ನೋಡು. ನಿಂಗ ಭಾಳ ಖುಷಿ ಆಗತೈತಿ.”

ಖಾಲಿ ಕೋಣೆ. ಗಿರಣಿಯ ಸದ್ದು. ಗೌತಮ ವಾಪಸ್ ಬಂದು ಕುರ್ಚಿಯಲ್ಲಿ ಕೂತ. ಸೀನಿದ, ಈ ಸಲ ಸದ್ದು ಕೇಳಿಸಿತು. ಅಂದರೆ ಪೂನಮ ಹೇಳಿದ್ದು ನಿಜ, ಅವಳು ಬಸ್ಸಿಗೆ ಹೋದ ಮೇಲೂ ಇವನು ಗಟ್ಟಿಮುಟ್ಟಾಗಿ ಇಲ್ಲೇ ಕೂತಿದ್ದ. ಅಷ್ಟರಲ್ಲಿ ಬಾಗಿಲು ತಟ್ಟಿದ ಸದ್ದಾಗಿ, ಮೂಗಿಗೆ ಓಢಣಿ ಕಟ್ಟಿಕೊಂಡ ಅನುರಾಧಾ ಒಳಗೆ ಬಂದಳು.

“ಅನು? ಅಕ್ಕಾರ ಕಳಿಸ್ಯಾರೇನು?” ಗೌತಮ ಎದ್ದು ನಿಂತುಬಿಟ್ಟ.

“ಹೂಂ,” ಎಂದಳು ಪರದೆಯ ಅನುರಾಧಾ. ಆಮೇಲೆ ಒಂದೇ ಉಸಿರಿನಲ್ಲಿ, “ನನ್ನೂ ಬೆಂಗಳೂರಿಗೆ ಕರಕೊಂಡು ಹೋಗ್ರಿ. ಪೂನಮಗಿಂತ ನನ್ನ ಕೈ ಛಲೋ ಐತಿ. ನಿಮಗ ಗೊತ್ತೈತಿ.”

ಗೌತಮ ಸ್ಟೂಲನ್ನು ಅವಳತ್ತ ಸರಿಸಿದ.

“ನಿನ್ನ ಕೈ ಛಲೋ ಐತಿ,” ಎಂದ. “ಆದ್ರ ನೀ ಅಕ್ಕಾರಂಗ ಕತ್ತರಸ್ತಿ. ನಂಗ ಅಕ್ಕಾರಂಗ ಇರಾವರು ಬ್ಯಾಡ ಅನು, ಅಕ್ಕಾರ ಬೇಕು. ಈ ಸಿನಿಮಾ ಅವರ ಜೋಡಿ ಕೂತು ಮುಗಿಸಬೇಕು ಅಂತನ ತಿಕೋಟಾಕ್ಕ ಬಂದೇನಿ. ಒಂದು ತಿಂಗಳಾತು, ಅವರ ಮನಿ ಬಾಗಲಿಗೆ ಹೋಗಾಕ ಧೈರ್ಯ ಆಗವಲ್ತು. ಅವತ್ತು ಸ್ಟೇಜ್ ಮ್ಯಾಲೆ ಸೊಕ್ಕಿಲೆ ಮಾತಾಡಿದೆ. ಎದರಿಗೇ ಕ್ಯಾಮೆರಾ ಹಿಡಕೊಂಡು ನಿಂತಿದ್ರು ಅವರು. ಪರದೆ ಮ್ಯಾಲೆ ಮೊದಲು ಅವರ ಹೆಸರು, ಆಮ್ಯಾಲೆ ನಂದು.”

ಹದಿಮೂರು ವರ್ಷ ಯಾವ ಮಾತಿಗಾಗಿ ಬೆಂದಿದ್ದೆನೋ ಆ ಮಾತನ್ನು ಅವನು ಆಡಿಬಿಟ್ಟಿದ್ದ. ನನ್ನ ಮಗಳು ಅದನ್ನು ಕತ್ತರಿಸಿ ಇಟ್ಟಿದ್ದಳು.

ಪರದೆಯ ಅನುರಾಧಾ ಓಢಣಿಯನ್ನು ಬಿಗಿದುಕೊಂಡಳು. ಅವಳ ದನಿ ತಣ್ಣಗಿತ್ತು.

“ಹಂಗಾದ್ರ ಬರ್ರಿ. ಅವ್ವ ಕೆಳಗ ಗಾಡಿ ಹಂತೇಕ ನಿಂತಾಳ. ನೀವ ಕೇಳ್ರಿ.”

“ಅಕ್ಕಾರು? ಇಲ್ಲಿ?”

ಅವನು ಚಪ್ಪಲಿ ಸಹ ಮೆಟ್ಟದೆ ಓಡಿದ. ಅವಳು ಅವನ ಹಿಂದೆ. ಕೋಣೆ ಖಾಲಿ. ಆಮೇಲೆ ಆ ಚೀರಾಟ.

ಪರದೆ ಕಪ್ಪಾಯಿತು.

“ನೀ ತಳ್ಳಿದೇನು?” ಅವಳ ಕುರ್ಚಿಯನ್ನು ನನ್ನ ಕಡೆ ತಿರುಗಿಸಿದೆ.

“ನಿಂಗ ಹೆಂಗ ಬೇಕೋ ಹಂಗ ತಿಳಕೋ.”

“ಅನು!”

“ಹದಿಮೂರು ವರ್ಷ ದಿನಾ ಉಣ್ಣುವಾಗ ಅವನ ಹೆಸರಿಲ್ಲದ ತುತ್ತು ಇಳಿಸಿಲ್ಲ ನೀನು. ಗೌತಮ ಹಿಂಗ ಕತ್ತರಿಸಿದ, ಗೌತಮ ಅಲ್ಲಿ ತಪ್ಪಿದ, ಗೌತಮ, ಗೌತಮ. ಅವಂಗ ನೀ ಬೇಕು, ನಿಂಗ ಅಂವ ಬೇಕು. ನಾ ಯಾರವ್ವಾ? ಈ ಅಂಗಡಿ ಹೆಸರಿಲೆ ಹೋದ ಕೆಲಸ ಆರು ವರ್ಷದಿಂದ ನಾ ಮಾಡೇನಿ. ಬೋರ್ಡಿನ ಮ್ಯಾಲೆ ನನ್ನ ಹೆಸರು ಎಲ್ಲೈತಿ?”

ಹೊರಗೆ ಜೀಪು ನಿಂತಿತು. ಧರ್ಮರಾಜನ ಬೂಟಿನ ಸದ್ದು.

ಗುರುವಾರ ಮಧ್ಯಾಹ್ನ ನಾನು ಅಂಗಡಿಯ ಬಾಗಿಲು ಎಳೆದುಕೊಂಡು ಒಳಕೋಣೆಯಲ್ಲಿ ಒಬ್ಬಳೇ ಮಲಗಿದ್ದೆ. ನೋಡಿದವರು ಯಾರೂ ಇಲ್ಲ. ಗಾಡಿಯನ್ನು ಅನು ಒಯ್ದಿದ್ದಳು. ಈ ಒಂಬತ್ತು ನಿಮಿಷ ತೋರಿಸದಿದ್ದರೆ ಪೂನಮ ಜೈಲಿಗೆ. ತೋರಿಸಿದರೆ ನನ್ನ ಹೊಟ್ಟೆಯಲ್ಲಿ ಹುಟ್ಟಿದವಳು ಜೈಲಿಗೆ. ಜೊತೆಗೆ ಅದರಲ್ಲಿ ನನ್ನ ಹೆಸರೂ ಇದೆ, ಕಳಿಸಿದವಳು ನಾನೇ, ಕೆಳಗೆ ನಿಂತವಳೂ ನಾನೇ ಎಂದು.

ಅನುರಾಧಾ ಅಳಿಸುವ ಕೀಲಿಯ ಮೇಲೆ ಬೆರಳಿಟ್ಟು ನನ್ನ ಮುಖ ನೋಡಿದಳು. ನಾನು ಹೂಂ ಅಂದರೆ ಸಾಕಿತ್ತು.

ಅವಳ ಕೈಯನ್ನು ತೆಗೆದು ಪಕ್ಕಕ್ಕಿಟ್ಟೆ.

“ಏನರ ಸಿಕ್ತೇನ್ರಿ ಅಕ್ಕಾರ?” ಧರ್ಮರಾಜ ಬಾಗಿಲಲ್ಲಿ ನಿಂತಿದ್ದ.

“ಸಿಕ್ಕೈತಿ. ಬರ್ರಿ, ಕೂಡ್ರಿ. ಪೂನಮನ ಬಿಡ್ರಿ, ಆಕೀದೇನೂ ತಪ್ಪಿಲ್ಲ.”

ಒಂಬತ್ತು ನಿಮಿಷ ಅವನು ಅಲುಗಾಡದೆ ನೋಡಿದ. ಮುಗಿದ ಮೇಲೆ ಜೇಬಿನಿಂದ ಡೈರಿ ತೆಗೆದ. ಸನ್ಮಾನದ ದಿನ ಊಟದ ಪಂಕ್ತಿಯಲ್ಲಿ ನಾನು ಹಾಕಿದ ಶಾಪ ಅವನಿಗೆ ನೆನಪಾಗಿರಬೇಕು. ಇಷ್ಟು ದಿನ ಅಕ್ಕಾ ಎಂದು ನೋಡಿದ ಕಣ್ಣಿನಿಂದ ಅವನು ಈಗ ನನ್ನನ್ನು ನೋಡಲಿಲ್ಲ.

“ಅಕ್ಕಾರ, ಗುರುವಾರ ಮೂರು ಗಂಟೇಕ ನೀವು ಎಲ್ಲಿದ್ರಿ?”

“ಇಲ್ಲೇ. ಮಲಗಿದ್ದೆ. ಆಕಿ ಸುಳ್ಳು ಹೇಳಿ ಅವನ್ನ ಹೊರಗ ಕರದಾಳ. ಬೇಕಾದ್ರ ಕೇಳ್ರಿ ಆಕೀನ್ನ.”

ಧರ್ಮರಾಜ ತಿರುಗಿದ. ನಾನೂ ತಿರುಗಿದೆ. ಅನುರಾಧಾ ಮೆಲ್ಲಗೆ ಎದ್ದು ನಿಂತು, ಓಢಣಿ ಸರಿಮಾಡಿಕೊಂಡು, ನನ್ನ ಕಣ್ಣಲ್ಲಿ ಕಣ್ಣಿಟ್ಟಳು.

“ಸುಳ್ಳು ಅಲ್ರಿ ಸಾಹೇಬರ,” ಎಂದಳು. “ಅವ್ವ ಕೆಳಗೇ ಇದ್ಲು.”